ಅಮೆರಿಕದ ಪಾರ್ಸೆಲ್ ಡ್ರೈವರ್‌ಗೆ ನಿಜವಾಗ್ಲೂ 1.4 ಕೋಟಿ ಸಂಬಳಾನಾ?

(ಎಪಿಸೋಡ್‌ನ ಬರಹ ರೂಪ. ಓದಲು ಅನುಕೂಲವಾಗಲಿ ಎಂದು ಅಲ್ಲಲ್ಲಿ ತಿದ್ದಲಾಗಿದೆ.)

ಇವತ್ತು ಒಂದು ತಪ್ಪೊಪ್ಪಿಗೆಯಿಂದ ಶುರು ಮಾಡ್ತೀನಿ.

2023ರ ಆಗಸ್ಟ್. ಈ ಪಾಡ್‌ಕಾಸ್ಟ್ ಶುರುವಾಗಿ ಮೂರು ತಿಂಗಳೂ ಆಗಿರಲಿಲ್ಲ. ಅಮೆರಿಕದ ಯುಪಿಎಸ್ ಅನ್ನೋ ಪಾರ್ಸೆಲ್ ಕಂಪನಿಯ ಡ್ರೈವರ್‌ಗಳಿಗೆ ವರ್ಷಕ್ಕೆ 1,70,000 ಡಾಲರ್ ಸಿಗುತ್ತೆ ಅನ್ನೋ ಸುದ್ದಿ ಎಲ್ಲ ಕಡೆ ಓಡ್ತಾ ಇತ್ತು. ಆಗಿನ ರೇಟಲ್ಲಿ ಅದು ಸುಮಾರು 1.4 ಕೋಟಿ ರೂಪಾಯಿ. ನಾನೂ ಬಿಡಲಿಲ್ಲ. ‘ಡಿಗ್ರಿ ಬೇಡ, ವ್ಯಾನ್ ಓಡಿಸಿದ್ರೆ ಸಾಕು, ತಿಂಗಳಿಗೆ 11 ಲಕ್ಷ’ ಅಂತ ಹೆಡ್ಡಿಂಗ್ ಕೊಟ್ಟು ಒಂದು ಎಪಿಸೋಡ್ ಮಾಡಿದೆ. ಬಿ.ಕಾಂ ಓದಿ ನಾವೆಲ್ಲ ಏನ್ ಸಾಧಿಸಿದ್ವಿ ಅಂತ ಒಂದೆರಡು ಜೋಕೂ ಹೊಡೆದೆ. ಅಲ್ಲಿಯವರೆಗೆ ನನ್ನ ಯಾವ ಎಪಿಸೋಡನ್ನೂ ಅಷ್ಟು ಜನ ಕೇಳಿರಲಿಲ್ಲ.

ಮಾರನೇ ದಿನ ಡಲ್ಲಾಸ್‌ನಲ್ಲಿರೋ ನಮ್ಮ ದೊಡ್ಡಮ್ಮನ ಮಗ, ನಮ್ಮಣ್ಣ, ಒಂದು ವಾಯ್ಸ್ ನೋಟ್ ಕಳಿಸಿದ. "ಪುಟ್ಟಿ, ನೀನು ಹೇಳಿದ್ದು ಸಂಬಳ ಅಲ್ಲ ಕಣೇ, ಸಿಟಿಸಿ. ನಿನ್ನ ಮೊದಲನೇ ಕೆಲಸದಲ್ಲಿ ಏನಾಯ್ತು ಮರೆತುಬಿಟ್ಯಾ?"

ಮರೆತಿರಲಿಲ್ಲ. ಡಿಗ್ರಿ ಮುಗಿಸಿ ಹಾಸನದಿಂದ ಬೆಂಗಳೂರಿಗೆ ಬಂದಾಗ ಆಫರ್ ಲೆಟರ್‌ನಲ್ಲಿ 3.6 ಲಕ್ಷ ಅಂತ ಇತ್ತು. ತಿಂಗಳಿಗೆ ಮೂವತ್ತು ಸಾವಿರ ಅಂತ ಮನೆಯಲ್ಲಿ ಎಲ್ಲರಿಗೂ ಹೇಳಿದ್ದೆ. ಮೊದಲ ತಿಂಗಳು ಅಕೌಂಟಿಗೆ ಬಿದ್ದಿದ್ದು 23,600. ಕಂಪನಿ ಕಟ್ಟುವ ಪಿಎಫ್, ನಾನು ಕಟ್ಟುವ ಪಿಎಫ್, ಗ್ರಾಚ್ಯುಟಿ, ಇನ್ಶೂರೆನ್ಸ್, ವರ್ಷದ ಕೊನೆಗೆ ಕೊಟ್ಟರೂ ಕೊಡಬಹುದು ಅನ್ನೋ ವೇರಿಯಬಲ್ ಪೇ, ಎಲ್ಲವೂ ಆ 3.6 ಲಕ್ಷದೊಳಗೇ ಕೂತಿದ್ದವು. ಅಮ್ಮ ಫೋನಲ್ಲಿ "ಮೂವತ್ತು ಅಂದಿದ್ಯಲ್ಲೇ?" ಅಂತ ಕೇಳಿದಾಗ ಏನು ಹೇಳಬೇಕು ಅಂತ ಗೊತ್ತಾಗಲಿಲ್ಲ.

ಯುಪಿಎಸ್ ಕಥೆನೂ ಇದೇ. ಅಲ್ಲಿ ಟೀಮ್‌ಸ್ಟರ್ಸ್ ಅನ್ನೋ ಯೂನಿಯನ್‌ನಲ್ಲಿ 2023ರಲ್ಲಿ ಸುಮಾರು 3,40,000 ಯುಪಿಎಸ್ ಕೆಲಸಗಾರರಿದ್ದರು. ಮುಷ್ಕರದ ಅಂಚಿಗೆ ಹೋಗಿ, 2023ರ ಜುಲೈ ಕೊನೆಯಲ್ಲಿ ಐದು ವರ್ಷದ ಒಪ್ಪಂದ ಆಯಿತು. ಆಮೇಲೆ ಕಂಪನಿಯ ಸಿಇಒ ಕ್ಯಾರೋಲ್ ಟೋಮೆ ಹೇಳಿದ್ದು ಇಷ್ಟು: ಒಪ್ಪಂದದ ಕೊನೆಯ ಹೊತ್ತಿಗೆ, ಫುಲ್ ಟೈಮ್ ಡ್ರೈವರ್ ಒಬ್ಬರಿಗೆ ಸರಾಸರಿ, ಸಂಬಳ ಮತ್ತು ಸೌಲಭ್ಯ ಎರಡೂ ಸೇರಿ, ವರ್ಷಕ್ಕೆ ಸುಮಾರು 1,70,000 ಡಾಲರ್. ಈ ವಾಕ್ಯದಲ್ಲಿ ಮೂರು ಷರತ್ತುಗಳಿವೆ. ಒಪ್ಪಂದದ ಕೊನೆಗೆ. ಫುಲ್ ಟೈಮ್‌ನವರಿಗೆ. ಸೌಲಭ್ಯ ಸೇರಿ. ನಾನು ಮೂರನ್ನೂ ನುಂಗಿಬಿಟ್ಟಿದ್ದೆ.

ಬಿಡಿಸಿ ನೋಡಿ. ಅನುಭವಿ ಡ್ರೈವರ್‌ಗೆ ಒಪ್ಪಂದದ ಕೊನೆಗೆ ಗಂಟೆಗೆ ಸುಮಾರು 49 ಡಾಲರ್. ವಾರಕ್ಕೆ 40 ಗಂಟೆ, ವರ್ಷಕ್ಕೆ 52 ವಾರ ಅಂದರೆ 1,01,920 ಡಾಲರ್. ಉಳಿದಿದ್ದು ಓವರ್‌ಟೈಮ್, ಆರೋಗ್ಯ ವಿಮೆ ಮತ್ತು ಪಿಂಚಣಿ. ಆ ಒಪ್ಪಂದಕ್ಕೆ ಮುಂಚೆ ಕಂಪನಿ ಕೊಡುತ್ತಿದ್ದ ಲೆಕ್ಕದಲ್ಲಿ ಸಂಬಳ ಸುಮಾರು 95,000, ವಿಮೆ ಮತ್ತು ಪಿಂಚಣಿಗೆ ಕಂಪನಿ ಹಾಕುತ್ತಿದ್ದದ್ದು 50,000. ಇನ್ನೊಂದು ವಿಷಯ, ಆ 3,40,000 ಜನರಲ್ಲಿ ಅರ್ಧಕ್ಕಿಂತ ಹೆಚ್ಚು ಮಂದಿ ಗೋದಾಮಿನಲ್ಲಿ ಪಾರ್ಸೆಲ್ ಎತ್ತಿಹಾಕುವ ಪಾರ್ಟ್ ಟೈಮ್‌ನವರು. ಹೊಸ ಒಪ್ಪಂದದಲ್ಲಿ ಅವರ ಕನಿಷ್ಠ ದರ ಗಂಟೆಗೆ 21 ಡಾಲರ್. ಅದರ ಬಗ್ಗೆ ರೀಲ್ಸ್ ಯಾರೂ ಮಾಡಲಿಲ್ಲ, ನಾನೂ ಮಾಡಲಿಲ್ಲ. (ಅದೇ ಒಪ್ಪಂದದಲ್ಲಿ, 2024ರಿಂದ ಕೊಳ್ಳುವ ಹೊಸ ವ್ಯಾನ್‌ಗಳಿಗೆ ಎಸಿ ಹಾಕಿಸಬೇಕು ಅನ್ನೋದೂ ಇತ್ತು. ಅಲ್ಲಿಯವರೆಗೆ ಟೆಕ್ಸಸ್ ಬಿಸಿಲಲ್ಲೂ ಬಹುತೇಕ ವ್ಯಾನ್‌ಗಳಲ್ಲಿ ಎಸಿ ಇರಲಿಲ್ಲ.)

ಅಮೆರಿಕದ ಸರ್ಕಾರಿ ಲೆಕ್ಕದಲ್ಲಿ ಇದಕ್ಕೆ ಎರಡು ಬೇರೆ ಬೇರೆ ಪದಗಳೇ ಇವೆ. ಒಂದು ವೇಜ್, ಕೂಲಿ ಅಥವಾ ಸಂಬಳ. ಇನ್ನೊಂದು ಕಾಂಪೆನ್ಸೇಷನ್. ಈ ಎರಡನೇ ಪದ ಕನ್ನಡಕ್ಕೆ ಬರುವಾಗ ಎಷ್ಟೋ ಸಲ ‘ಪರಿಹಾರ’ ಆಗಿಬಿಡುತ್ತೆ. ‘ಅಮೆರಿಕದ ನೌಕರರ ಪರಿಹಾರ ಏರಿಕೆ’ ಅಂತ ಓದಿದರೆ ಏನೋ ಅಪಘಾತ ಆಗಿರಬೇಕು ಅನ್ಸುತ್ತೆ. ಇಲ್ಲಿ ಅದರ ಅರ್ಥ, ಒಬ್ಬ ಕೆಲಸಗಾರನನ್ನ ಇಟ್ಟುಕೊಳ್ಳೋಕೆ ಮಾಲೀಕನಿಗೆ ತಗಲುವ ಪೂರ್ತಿ ಖರ್ಚು. ನಮ್ಮ ಸಿಟಿಸಿ ಥರ. ಬ್ಯೂರೋ ಆಫ್ ಲೇಬರ್ ಸ್ಟ್ಯಾಟಿಸ್ಟಿಕ್ಸ್ ಅನ್ನೋ ಸರ್ಕಾರಿ ಸಂಸ್ಥೆ ಮೂರು ತಿಂಗಳಿಗೊಮ್ಮೆ ಇದನ್ನ ಬಿಡಿಸಿ ಕೊಡುತ್ತೆ. ಸ್ಥೂಲವಾಗಿ ನೂರು ಡಾಲರ್ ಖರ್ಚಲ್ಲಿ 70 ಸಂಬಳ, 30 ಉಳಿದದ್ದು. ರಜೆ, ಬೋನಸ್, ಪಿಂಚಣಿ, ಸೋಷಿಯಲ್ ಸೆಕ್ಯುರಿಟಿ ತೆರಿಗೆಯಲ್ಲಿ ಮಾಲೀಕನ ಪಾಲು, ಮತ್ತೆ ಆರೋಗ್ಯ ವಿಮೆ.

ಇವುಗಳಲ್ಲಿ ವಿಮೆ ಹತ್ತಿರ ಸ್ವಲ್ಪ ನಿಲ್ಲೋಣ. ಸಂಬಳ ಏರಿದೆ ಅಂತ ಸರ್ಕಾರ ಹೇಳಿದರೂ ಜನ ಯಾಕೆ ನಂಬಲ್ಲ ಅನ್ನೋದಕ್ಕೆ ಅರ್ಧ ಉತ್ತರ ಇಲ್ಲೇ ಇದೆ.

ಕೈಸರ್ ಫ್ಯಾಮಿಲಿ ಫೌಂಡೇಷನ್ ಅನ್ನೋ ಸಂಸ್ಥೆ ವರ್ಷವರ್ಷ ಕಂಪನಿಗಳನ್ನ ಕೇಳಿ, ನೌಕರರ ಆರೋಗ್ಯ ವಿಮೆಗೆ ಎಷ್ಟು ಖರ್ಚಾಗ್ತಿದೆ ಅಂತ ಲೆಕ್ಕ ಹಾಕುತ್ತೆ. 1999ರಲ್ಲಿ ಒಂದು ಕುಟುಂಬದ ವಿಮೆಗೆ ವರ್ಷಕ್ಕೆ ಸರಾಸರಿ 5,791 ಡಾಲರ್. 2024ರಲ್ಲಿ 25,572. ಇದರಲ್ಲಿ ನೌಕರನ ಸಂಬಳದಿಂದ ಕಡಿತ ಆಗೋದು 6,296, ಉಳಿದ 19,000 ಚಿಲ್ಲರೆ ಕಂಪನಿ ಕಟ್ಟುತ್ತೆ. ಆ 19,000 ನೌಕರನ ಕಣ್ಣಿಗೇ ಬೀಳಲ್ಲ. ಆದರೆ ಕಂಪನಿಯ ಖಾತೆಯಲ್ಲಿ ಅದು ಅವನ ಹೆಸರಲ್ಲೇ ಖರ್ಚು. ಮುಂದಿನ ವರ್ಷ ಪ್ರೀಮಿಯಂ ಏರಿದರೆ, ಸಂಬಳ ಏರಿಸೋಕೆ ಇಟ್ಟಿದ್ದ ದುಡ್ಡು ಅಲ್ಲಿಗೆ ಹೋಗುತ್ತೆ. ವಿಮೆಯ ಹೊರೆ ಬಹುಪಾಲು ಕೊನೆಗೆ ಬೀಳೋದು ನೌಕರನ ಸಂಬಳದ ಮೇಲೇ ಅಂತ ಅಲ್ಲಿನ ಹೆಚ್ಚಿನ ಆರೋಗ್ಯ ಅರ್ಥಶಾಸ್ತ್ರಜ್ಞರು ಒಪ್ಪುತ್ತಾರೆ. ಅಂದ್ರೆ ‘ಕಾಂಪೆನ್ಸೇಷನ್ ಏರಿದೆ’ ಅನ್ನೋದು ನಿಜ. ‘ನಂಗೇನೂ ಜಾಸ್ತಿ ಬರ್ತಿಲ್ಲ’ ಅನ್ನೋದೂ ನಿಜ.

ಕೆಲಸಕ್ಕೂ ಆಸ್ಪತ್ರೆಗೂ ಯಾಕೆ ಗಂಟು ಹಾಕಿದರು? ಇದು ಎರಡನೇ ಮಹಾಯುದ್ಧದ ಕಾಲದ ಕಥೆ. 1942ರಲ್ಲಿ ಬೆಲೆ ಏರಿಕೆ ತಡೆಯೋಕೆ ಸರ್ಕಾರ ಸಂಬಳಕ್ಕೆ ಮಿತಿ ಹಾಕಿತು. ಗಂಡಸರು ಯುದ್ಧಕ್ಕೆ ಹೋಗಿದ್ದರು, ಕಾರ್ಖಾನೆಗಳಿಗೆ ಜನ ಸಿಗ್ತಿರಲಿಲ್ಲ, ಸಂಬಳ ಏರಿಸಿ ಕರೆಯೋ ಹಾಗೂ ಇಲ್ಲ. ಆದರೆ ವಿಮೆ, ಪಿಂಚಣಿ ಆ ಮಿತಿಯ ಲೆಕ್ಕಕ್ಕೆ ಬರಲ್ಲ ಅಂತಾಯ್ತು. ಸರಿ, ಕಂಪನಿಗಳು ವಿಮೆ ತೋರಿಸಿ ಜನರನ್ನ ಸೆಳೆದವು. 1954ರ ತೆರಿಗೆ ಕಾಯ್ದೆ ಇದನ್ನ ಗಟ್ಟಿ ಮಾಡಿತು: ಮಾಲೀಕ ಕಟ್ಟುವ ವಿಮೆಗೆ ನೌಕರ ತೆರಿಗೆ ಕೊಡಬೇಕಿಲ್ಲ. ಯುದ್ಧ ಮುಗಿದು ಎಂಬತ್ತು ವರ್ಷ ಆಯ್ತು. ಗಂಟು ಹಾಗೇ ಇದೆ.

ಈ ಗಂಟು ಎಲ್ಲರಿಗೂ ಒಂದೇ ಥರ ಬಿಗಿಯಲ್ಲ. ವರ್ಷಕ್ಕೆ 2,00,000 ಡಾಲರ್ ತಗೊಳ್ಳೋ ಎಂಜಿನಿಯರ್‌ಗೆ ಕಂಪನಿ ಇನ್ನೂ 19,000 ಸೇರಿಸಿದರೆ ಅದು ಹತ್ತು ಪರ್ಸೆಂಟಿಗಿಂತ ಕಡಿಮೆ. ಗಂಟೆಗೆ 20 ಡಾಲರ್‌ನವನ ವರ್ಷದ ಸಂಬಳ 41,600. ಅವನ ಕುಟುಂಬದ ವಿಮೆಗೆ ಅದೇ 19,000 ಕಟ್ಟಬೇಕು ಅಂದರೆ ಸಂಬಳದ ಹತ್ತಿರ ಹತ್ತಿರ ಅರ್ಧ. ವಿಮಾ ಕಂಪನಿ ನಿಮ್ಮ ಸಂಬಳ ನೋಡಿ ಪ್ರೀಮಿಯಂ ಹಾಕಲ್ಲ. ಹಾಗಾಗಿ ಕಡಿಮೆ ಸಂಬಳದ ಕೆಲಸಗಳಲ್ಲಿ ಮಾಲೀಕರು ಬೇರೆ ದಾರಿ ಹುಡುಕ್ತಾರೆ. 2010ರ ಅಫೋರ್ಡಬಲ್ ಕೇರ್ ಆಕ್ಟ್, ಅಂದ್ರೆ ಒಬಾಮಾಕೇರ್, ಐವತ್ತು ಅಥವಾ ಹೆಚ್ಚು ಫುಲ್ ಟೈಮ್ ನೌಕರರಿರುವ ಕಂಪನಿ ಅವರಿಗೆ ವಿಮೆ ಕೊಡಬೇಕು, ಇಲ್ಲಾಂದ್ರೆ ದಂಡ ಕಟ್ಟಬೇಕಾಗಬಹುದು ಅಂತ ಹೇಳುತ್ತೆ. ಫುಲ್ ಟೈಮ್ ಅಂದರೆ ವಾರಕ್ಕೆ ಸರಾಸರಿ 30 ಗಂಟೆ. ಅಂಗಡಿಯಲ್ಲೋ ಹೋಟೆಲ್‌ನಲ್ಲೋ ಕೆಲಸ ಮಾಡೋರಿಗೆ ವಾರಕ್ಕೆ 28, 29 ಗಂಟೆ ಶಿಫ್ಟ್ ಹಾಕಿದರೆ ಯಾಕೆ ಅಂತ ಈಗ ಗೊತ್ತಾಯ್ತಲ್ವಾ?

ಕೆಲಸ ಹೋದರೆ? ಇದು ನಂಗೆ ಅರ್ಥ ಆಗಿದ್ದು ಅಣ್ಣನಿಂದ. ಆ ಎಪಿಸೋಡಿಗೆ ಆರು ತಿಂಗಳು ಮುಂಚೆ, 2023ರ ಫೆಬ್ರವರಿಯಲ್ಲಿ, ಅವನ ಕಂಪನಿಯ ಲೇ ಆಫ್ ಪಟ್ಟಿಯಲ್ಲಿ ಅವನ ಹೆಸರೂ ಇತ್ತು. ಅತ್ತಿಗೆಗೆ ಆಗ ಏಳು ತಿಂಗಳು. ಎಚ್-1ಬಿ ವೀಸಾದವರಿಗೆ ಕೆಲಸ ಹೋದ ಮೇಲೆ ಗರಿಷ್ಠ 60 ದಿನ ಗಡುವು, ಅಷ್ಟರಲ್ಲಿ ಇನ್ನೊಂದು ಕಂಪನಿ ಇವರಿಗಾಗಿ ಅರ್ಜಿ ಹಾಕಬೇಕು. ನಾವೆಲ್ಲ ಊರಲ್ಲಿ ಕೂತು ವೀಸಾದ ಬಗ್ಗೆನೇ ತಲೆ ಕೆಡಿಸಿಕೊಂಡಿದ್ವಿ. ಅವನು ರಾತ್ರಿ ನಿದ್ದೆಗೆಟ್ಟಿದ್ದು ವಿಮೆಗೆ. ಕೋಬ್ರಾ ಅಂತ ಒಂದು ಕಾನೂನಿದೆ, ಹಾವಲ್ಲ, 1985ರ ಒಂದು ಕಾಯ್ದೆಯ ಹೆಸರಿನ ಮೊದಲಕ್ಷರಗಳು. ಕೆಲಸ ಹೋದರೂ ಸಾಮಾನ್ಯವಾಗಿ 18 ತಿಂಗಳು ಹಳೇ ವಿಮೆಯನ್ನೇ ಇಟ್ಟುಕೊಳ್ಳಬಹುದು, ಆದರೆ ಕಂಪನಿಯ ಪಾಲನ್ನೂ ನೀವೇ ಕಟ್ಟಬೇಕು. ಮೇಲೆ ಎರಡು ಪರ್ಸೆಂಟ್ ನಿರ್ವಹಣಾ ಖರ್ಚು ಬೇರೆ. ತಿಂಗಳಿಗೆ ಐನೂರು ಡಾಲರ್ ಕಡಿತ ಆಗ್ತಿದ್ದ ಮನುಷ್ಯ, ಸಂಬಳವೇ ಇಲ್ಲದ ತಿಂಗಳಲ್ಲಿ ಎರಡು ಸಾವಿರಕ್ಕೂ ಹೆಚ್ಚು ಕಟ್ಟಿದ. "ಕಂಪನಿ ನನಗೆ ಎಷ್ಟು ಕೊಡ್ತಿತ್ತು ಅಂತ ಕೆಲಸ ಹೋದ ಮೇಲೆ ಗೊತ್ತಾಯ್ತು" ಅಂದ.

ಇಲ್ಲಿಯವರೆಗೆ ಒಬ್ಬ ಮನುಷ್ಯನ ಪೇ ಸ್ಲಿಪ್ ಬಿಡಿಸಿದ್ವಿ. ಸುದ್ದಿಯಲ್ಲಿ ಬರೋದು ಇಡೀ ದೇಶದ ಸಂಬಳ. ಅಲ್ಲಿ ಇನ್ನೊಂದು ಗುಂಡಿ ಇದೆ, ಅದರ ಹೆಸರು ಸರಾಸರಿ.

2020ರ ಏಪ್ರಿಲ್ ತಿಂಗಳ ಲೆಕ್ಕ ನೋಡಿ. ಕೋವಿಡ್ ಲಾಕ್‌ಡೌನ್. ಅಮೆರಿಕದಲ್ಲಿ ಒಂದೇ ತಿಂಗಳಲ್ಲಿ ಸುಮಾರು ಎರಡು ಕೋಟಿ ಐದು ಲಕ್ಷ ಕೆಲಸಗಳು ಹೋದವು, ನಿರುದ್ಯೋಗ 14.7 ಪರ್ಸೆಂಟ್ ಮುಟ್ಟಿತು. ಅದೇ ವರದಿಯಲ್ಲಿ ಇನ್ನೊಂದು ಸಾಲು: ಗಂಟೆಯ ಸರಾಸರಿ ಸಂಬಳ ಒಂದೇ ತಿಂಗಳಲ್ಲಿ 1.34 ಡಾಲರ್ ಏರಿ 30.01 ಡಾಲರ್ ಆಗಿದೆ. 4.7 ಪರ್ಸೆಂಟ್ ಏರಿಕೆ! ಮಾಮೂಲಿ ದಿನಗಳಲ್ಲಿ ಅಷ್ಟು ಏರೋಕೆ ಒಂದೂವರೆ ವರ್ಷ ಬೇಕಾಗ್ತಿತ್ತು. ಕಷ್ಟಕಾಲದಲ್ಲಿ ಕಂಪನಿಗಳಿಗೆ ದಯೆ ಬಂತಾ?

ಒಂದು ಸಣ್ಣ ರೆಸ್ಟೋರೆಂಟ್ ಅಂದ್ಕೊಳ್ಳಿ. ನಾಲ್ಕು ಜನ ಸಪ್ಲೈಯರ್‌ಗಳು, ತಲಾ ಗಂಟೆಗೆ 12 ಡಾಲರ್. ಒಬ್ಬ ಮ್ಯಾನೇಜರ್, 40 ಡಾಲರ್. ಸರಾಸರಿ 17.60. ಲಾಕ್‌ಡೌನ್‌ನಲ್ಲಿ ಮೂರು ಜನ ಸಪ್ಲೈಯರ್‌ಗಳನ್ನ ಮನೆಗೆ ಕಳಿಸಿದರು. ಉಳಿದದ್ದು 12ರವರು ಒಬ್ಬರು, 40ರವರು ಒಬ್ಬರು. ಸರಾಸರಿ 26. ಯಾರಿಗೂ ಒಂದು ಪೈಸೆ ಜಾಸ್ತಿ ಆಗಿಲ್ಲ, ಮೂರು ಮನೆಯಲ್ಲಿ ಒಲೆ ಆರಿದೆ, ಸರಾಸರಿ ಮಾತ್ರ ಮೇಲೆ ಹೋಗಿದೆ. ದೇಶದ ಮಟ್ಟದಲ್ಲಿ ಆಗಿದ್ದೂ ಇದೇ. ಹೋಟೆಲ್, ಅಂಗಡಿ, ಸಲೂನ್‌ಗಳ ಕಡಿಮೆ ಸಂಬಳದವರು ಲೆಕ್ಕದಿಂದಲೇ ಆಚೆ ಹೋದರು. ಬ್ಯೂರೋದವರೇ ತಮ್ಮ ವರದಿಯಲ್ಲಿ ಇದನ್ನ ಸ್ಪಷ್ಟವಾಗಿ ಬರೆದಿದ್ದರು. ಹೆಡ್‌ಲೈನ್ ಬರೆಯೋರು ಎಲ್ಲರೂ ಕೆಳಗಿನವರೆಗೆ ಓದಬೇಕಲ್ಲ.

ಇದಕ್ಕೆ ಅಂತಲೇ ಇನ್ನೊಂದು ಅಳತೆಗೋಲಿದೆ, ಎಂಪ್ಲಾಯ್‌ಮೆಂಟ್ ಕಾಸ್ಟ್ ಇಂಡೆಕ್ಸ್. ಸಂತೆಗೆ ಪ್ರತಿ ವಾರ ಅದೇ ಚೀಟಿ ಹಿಡ್ಕೊಂಡು ಹೋಗ್ತೀವಲ್ಲ, ಒಂದು ಕೆಜಿ ಟೊಮೆಟೊ, ಅರ್ಧ ಕೆಜಿ ಬೀನ್ಸ್, ಹಾಗೆ. ಕೆಲಸಗಳ ಪಟ್ಟಿ ಮತ್ತು ಅವುಗಳ ತೂಕ ಬದಲಾಯಿಸದೆ, ಅವೇ ಕೆಲಸಗಳಿಗೆ ಮೂರು ತಿಂಗಳ ಹಿಂದೆ ಎಷ್ಟು ಖರ್ಚಾಗ್ತಿತ್ತು, ಈಗ ಎಷ್ಟು ಅಂತ ನೋಡ್ತಾರೆ. ಅಮೆರಿಕದ ರಿಸರ್ವ್ ಬ್ಯಾಂಕ್, ಅಂದ್ರೆ ಫೆಡ್, ಬಡ್ಡಿ ದರ ಯೋಚನೆ ಮಾಡುವಾಗ ಈ ಇಂಡೆಕ್ಸ್‌ಗೆ ತುಂಬಾ ಬೆಲೆ ಕೊಡೋದು ಅದಕ್ಕೇ. ತಿಂಗಳ ಸರಾಸರಿಗಿಂತ ನಾನೂ ಈಗ ಇದನ್ನೇ ಮೊದಲು ನೋಡೋದು.

ಈ ಗೋಲಿನಿಂದ ಅಳೆದರೆ ಏನು ಕಾಣುತ್ತೆ? 2022ರ ಜೂನ್‌ಗೆ ಕೊನೆಯಾದ ಹನ್ನೆರಡು ತಿಂಗಳಲ್ಲಿ ಸಂಬಳ 5.3 ಪರ್ಸೆಂಟ್ ಏರಿತ್ತು. ಅಮೆರಿಕದ ಮಟ್ಟಿಗೆ ಅದು ದೊಡ್ಡ ಏರಿಕೆ. ಆದರೆ ಅದೇ ಅವಧಿಯಲ್ಲಿ ಬೆಲೆಗಳು 9.1 ಪರ್ಸೆಂಟ್ ಏರಿದ್ದವು. ನೂರು ಡಾಲರ್ ಇದ್ದ ಸಂಬಳ 105 ಆಗಿದೆ, ನೂರು ಡಾಲರ್ ದಿನಸಿ 109 ಆಗಿದೆ. ಸಂಬಳ ಏರಿತು ಅಂತ ಬಾಸ್ ಪಾರ್ಟಿ ಕೊಡಿ ಅಂತಾನೆ, ಹೆಂಡತಿ ಬಿಲ್ ತೋರಿಸ್ತಾಳೆ. 2023ರ ನಡುವಿನಿಂದ ಚಕ್ರ ತಿರುಗಿತು. 2024ರ ಡಿಸೆಂಬರ್‌ಗೆ ಕೊನೆಯಾದ ವರ್ಷದಲ್ಲಿ ಸಂಬಳ 3.8, ಬೆಲೆ 2.9. ಕಾಗದದ ಮೇಲೆ ಕೆಲಸಗಾರ ಗೆದ್ದ. ಆದರೆ ಬೆಲೆ ಏರಿಕೆ ಕಡಿಮೆ ಆಯ್ತು ಅಂದರೆ ಬೆಲೆ ಇಳಿಯಿತು ಅಂತಲ್ಲ ನೋಡಿ. ಏರುವ ವೇಗ ಮಾತ್ರ ಇಳಿದಿತ್ತು. ಮೊಟ್ಟೆ, ಮನೆ ಬಾಡಿಗೆ, ಕಾರ್ ಇನ್ಶೂರೆನ್ಸ್ ಮೇಲೆ ಹತ್ತಿ ಅಲ್ಲೇ ಕೂತಿದ್ದವು. 2024ರ ಚುನಾವಣೆಯಲ್ಲಿ ಒಂದು ಪಕ್ಷದವರು ಗ್ರಾಫ್ ತೋರಿಸಿದರು, ಜನ ಬಿಲ್ ನೋಡಿದರು.

ಹಾಗಂತ ಆ ವರ್ಷಗಳೆಲ್ಲ ಬರೀ ನಷ್ಟ ಅಂದರೂ ನಾನು ಇನ್ನೊಂದು ತಪ್ಪು ಎಪಿಸೋಡ್ ಮಾಡಿದ ಹಾಗೆ. ಲಾಕ್‌ಡೌನ್ ಮುಗಿದು ಹೋಟೆಲ್ ಬಾಗಿಲು ತೆಗೆದಾಗ ಕೆಲಸಕ್ಕೆ ಜನರೇ ಬರಲಿಲ್ಲ. 2021ರ ನವೆಂಬರ್ ಒಂದೇ ತಿಂಗಳಲ್ಲಿ ಸುಮಾರು 45 ಲಕ್ಷ ಅಮೆರಿಕನ್ನರು ತಾವಾಗಿಯೇ ಕೆಲಸ ಬಿಟ್ಟರು. ಬಹಳಷ್ಟು ಜನ ಸುಮ್ಮನೆ ಮನೆಯಲ್ಲಿ ಕೂರಲಿಲ್ಲ, ಪಕ್ಕದ ರಸ್ತೆಯಲ್ಲಿ ಎರಡು ಡಾಲರ್ ಜಾಸ್ತಿ ಕೊಡೋ ಕಡೆ ಹೋದರು. ಡೇವಿಡ್ ಆಟರ್, ಅರಿಂದ್ರಜಿತ್ ದುಬೆ, ಆನಿ ಮೆಕ್‌ಗ್ರೂ ಅನ್ನೋ ಮೂವರು ಅರ್ಥಶಾಸ್ತ್ರಜ್ಞರು ಈ ಅವಧಿಯನ್ನ ಅಧ್ಯಯನ ಮಾಡಿದ್ದಾರೆ. 1980ರಿಂದ ನಾಲ್ಕು ದಶಕ ಬೆಳೆದಿದ್ದ ಮೇಲಿನ ಸಂಬಳ, ಕೆಳಗಿನ ಸಂಬಳದ ಅಂತರದಲ್ಲಿ ಸುಮಾರು ಮೂರನೇ ಒಂದು ಭಾಗ, ಈ ಕೆಲವೇ ವರ್ಷಗಳಲ್ಲಿ ಕರಗಿತು ಅನ್ನೋದು ಅವರ ಲೆಕ್ಕ. ನನ್ನ ಪ್ರಕಾರ ಇದು ಆ ಕಾಲದ ಅತಿ ದೊಡ್ಡ ಸಂಬಳದ ಸುದ್ದಿ, ಅತಿ ಕಡಿಮೆ ಜನ ಕೇಳಿದ ಸುದ್ದಿ ಕೂಡ.

ಕಾನೂನು ಬದಲಾಗಿ ಇದು ಆಗಲಿಲ್ಲ. ಕೇಂದ್ರ ಸರ್ಕಾರದ ಕನಿಷ್ಠ ಕೂಲಿ 2009ರ ಜುಲೈನಿಂದ ಗಂಟೆಗೆ 7.25 ಡಾಲರ್‌ನಲ್ಲೇ ನಿಂತಿದೆ. ಅಷ್ಟರಲ್ಲಿ ಅದರ ಕೊಳ್ಳುವ ಶಕ್ತಿ ಮೂರನೇ ಒಂದು ಭಾಗದಷ್ಟು ಸವೆದಿದೆ. ಟಿಪ್ಸ್ ಸಿಗುವ ಕೆಲಸಗಳಿಗೆ ಇನ್ನೂ ಕಡಿಮೆ, 1991ರಿಂದ 2.13 ಡಾಲರ್. ರಾಜ್ಯಗಳು ತಮ್ಮದೇ ದರ ಇಟ್ಟುಕೊಳ್ಳಬಹುದು: ವಾಷಿಂಗ್ಟನ್ ರಾಜ್ಯದಲ್ಲಿ 2025ರಲ್ಲಿ 16.66, ಅಣ್ಣ ಇರೋ ಟೆಕ್ಸಸ್‌ನಲ್ಲಿ ಅದೇ 7.25. ಯೂನಿಯನ್ ಬಲವೂ ದೇಶದ ಮಟ್ಟದಲ್ಲಿ ಬೆಳೆದಿರಲಿಲ್ಲ. 1983ರಲ್ಲಿ ನೂರಕ್ಕೆ 20 ನೌಕರರು ಯೂನಿಯನ್ ಸದಸ್ಯರು, 2024ರಲ್ಲಿ ಹತ್ತಕ್ಕಿಂತ ಸ್ವಲ್ಪ ಕಡಿಮೆ. ಕೆಳಗಿನವರ ಸಂಬಳ ಏರಿದ್ದು ಮುಖ್ಯವಾಗಿ ಒಂದೇ ಕಾರಣಕ್ಕೆ. "ಬೇಡ, ನಾನು ಹೊರಟೆ" ಅನ್ನೋ ಮಾತಿಗೆ ಆಗ ಬೆಲೆ ಇತ್ತು.

ಈಗ ಆ ಬೆಲೆ ಇಳಿದಿದೆ. ಅಟ್ಲಾಂಟಾ ಫೆಡ್ ಒಂದು ಲೆಕ್ಕ ಇಡುತ್ತೆ, ಕೆಲಸ ಬದಲಾಯಿಸಿದವರಿಗೆ ಎಷ್ಟು ಏರಿಕೆ, ಅಲ್ಲೇ ಉಳಿದವರಿಗೆ ಎಷ್ಟು ಅಂತ. 2022ರ ಮಧ್ಯದಲ್ಲಿ ಬದಲಾಯಿಸಿದವರಿಗೆ ಎಂಟೂವರೆ ಪರ್ಸೆಂಟ್ ಹತ್ತಿರ, ಉಳಿದವರಿಗೆ ಆರರ ಹತ್ತಿರ. 2025ರ ಶುರುವಿಗೆ ಆ ಅಂತರ ಮುಚ್ಚಿ, ಉಳಿದವರೇ ಕೂದಲೆಳೆಯಷ್ಟು ಮುಂದೆ ಬಂದರು. ಹೊಸ ಕಡೆ ಹೋದರೆ ಜಾಸ್ತಿ ಸಿಗಲ್ಲ, ಇರೋದು ಬಿಟ್ಟರೆ ವಿಮೆ ಹೋಗುತ್ತೆ. ಬಿಟ್ಟು ಹೋಗುವ ಧೈರ್ಯ ಯಾರಿಗಿರುತ್ತೆ?

ಅಣ್ಣನ ಕಥೆ ಅರ್ಧಕ್ಕೆ ಬಿಟ್ಟಿದ್ದೆ. ಗಡುವಿನ 51ನೇ ದಿನ ಅವನಿಗೆ ಕೆಲಸ ಸಿಕ್ಕಿತು. ಕೈಯಲ್ಲಿ ಎರಡು ಆಫರ್ ಇದ್ದವು. ಒಂದು ಹಳೇ ಸಂಬಳಕ್ಕಿಂತ ಸ್ವಲ್ಪ ಜಾಸ್ತಿ, ಆದರೆ ವಿಮೆ ಶುರುವಾಗೋದು ಸೇರಿ ಎರಡು ತಿಂಗಳ ಮೇಲೆ. ಇನ್ನೊಂದು ಹಳೇದಕ್ಕಿಂತ 9,000 ಡಾಲರ್ ಕಡಿಮೆ, ವಿಮೆ ಸೇರಿದ ದಿನದಿಂದಲೇ. ಅವನು ಎರಡನೆಯದು ತಗೊಂಡ. ಹನ್ನೆರಡು ದಿನಕ್ಕೆ ಮಗು ಹುಟ್ಟಿತು. ಊರಲ್ಲಿ ದೊಡ್ಡಪ್ಪ ಇವತ್ತಿಗೂ ಕೇಳ್ತಾರೆ, "ಅಮೆರಿಕದಲ್ಲಿ ಯಾರಾದ್ರೂ ಕಡಿಮೆ ಸಂಬಳಕ್ಕೆ ಹೋಗ್ತಾರೇನೋ?"

ನನ್ನ ಹಳೇ ಎಪಿಸೋಡ್ ಡಿಲೀಟ್ ಮಾಡಿಲ್ಲ. ಹೆಡ್ಡಿಂಗ್ ಬದಲಾಯಿಸಿದ್ದೀನಿ, ಶುರುವಿನಲ್ಲಿ ಮೂವತ್ತು ಸೆಕೆಂಡಿನ ತಿದ್ದುಪಡಿ ಸೇರಿಸಿದ್ದೀನಿ. ನಿಮ್ಮ ಆಫರ್ ಲೆಟರ್‌ಗೂ ಮೊದಲ ತಿಂಗಳ ಸಂಬಳಕ್ಕೂ ಎಷ್ಟು ವ್ಯತ್ಯಾಸ ಇತ್ತು ಅಂತ ವಾಯ್ಸ್ ನೋಟ್ ಕಳಿಸಿ, ಮುಂದಿನ ವಾರ ಕೆಲವನ್ನ ಕೇಳಿಸ್ತೀನಿ. ಕಂಪನಿ ಹೆಸರು ಮಾತ್ರ ಹೇಳಬೇಡಿ.